ದಪ್ಪ ಪುಸ್ತಕದ ಮುದುಕಿ

ಹೋದ ತಿಂಗಳು ಒಂದು ಬೆಳಿಗ್ಗೆ ಅವರೆಕಾಯಿ ಸುಲಿಯುತ್ತ ಕೂತಿದ್ದೆ. ರಜೆಗೆ ಬಂದ ಮೊಮ್ಮಗಳು ತನ್ನ ಕಿವಿಯಲ್ಲಿದ್ದ ಬಿಳಿಯ ಗುಂಡಿಯಂಥದ್ದನ್ನು ತೆಗೆದು, ಹೇಳದೆ ಕೇಳದೆ ನನ್ನ ಕಿವಿಗೆ ತುರುಕಿದಳು. ಒಳಗೆ ದೊಡ್ಡ ಯುದ್ಧವೇ ನಡೆದಿತ್ತು. ಕುದುರೆಗಳು ಓಡುತ್ತಿದ್ದವು, ಕತ್ತಿಗೆ ಕತ್ತಿ ತಾಗುತ್ತಿತ್ತು, ಗಡಸು ದನಿಯವನೊಬ್ಬ ಕೋಟೆಯ ಬಾಗಿಲು ತೆಗೆಯಿರೆಂದು ನನ್ನ ಮೆದುಳಿಗೇ ಬಾಯಿಟ್ಟು ಗದರುತ್ತಿದ್ದ. ನಾನು ಬೆಚ್ಚಿ ಕಾಳಿನ ಬಟ್ಟಲು ಉರುಳಿಸಿದೆ. ಅವಳು ಬಿದ್ದು ಬಿದ್ದು ನಕ್ಕು, ಅದೊಂದು ಏಳು ಭಾಗದ ಮಾಯಾಲೋಕದ ಕಾದಂಬರಿ ಎಂದು ತಿಳಿಸಿದಳು. ಓದುವುದಕ್ಕಲ್ಲವಂತೆ, ಕೇಳುವುದಕ್ಕೆ. ಒಂದೊಂದು ಪಾತ್ರಕ್ಕೆ ಒಬ್ಬೊಬ್ಬರು ದನಿ ಕೊಟ್ಟಿದ್ದಾರಂತೆ.

“ನಲವತ್ತು ಜನ ಅದಾರೆ ಅಜ್ಜಿ, ಗೊತ್ತೇನು?” ಅಂದಳು. ಭೂಮಿ ಹುಟ್ಟಿದ ಮೇಲೆ ಇಂಥದ್ದು ಇದೇ ಮೊದಲು ಎನ್ನುವ ಹಾಗಿತ್ತು ಅವಳ ಮುಖ.

ನನಗೆ ಸ್ವಲ್ಪ ಉರಿಯಿತು. ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದವಳಿಗೆ, ಮಕ್ಕಳಿಂದ ಪಾಠ ಹೇಳಿಸಿಕೊಳ್ಳುವುದು ಇನ್ನೂ ರೂಢಿಯಾಗಿಲ್ಲ. “ನಮ್ಮದರಾಗೆ ನಾಲ್ಕೋ ಐದೋ ಜನ ಇದ್ದರು. ಆದರೂ ಇದಕ್ಕಿಂತ ಚಲೋ ಇತ್ತು” ಅಂದುಬಿಟ್ಟೆ. ಅಂದ ಮೇಲೆ ಅವಳು ಬಿಡಬೇಕಲ್ಲ. ಯಾವ ಪುಸ್ತಕ, ಯಾರು ಬರೆದದ್ದು, ಈಗ ಎಲ್ಲಿದೆ ಎಂದು ಗಂಟುಬಿದ್ದಳು.

ಪುಸ್ತಕದ ಹೆಸರು ನನಗೆ ಗೊತ್ತಿಲ್ಲ. ನಮ್ಮ ಮನೆಗೆ ಬರುವಾಗಲೇ ಅದರ ಮೊದಲ ಹಾಳೆಗಳು ಹರಿದುಹೋಗಿದ್ದವು. ನಾಲ್ಕು ಭಾಗಗಳನ್ನು ಸೇರಿಸಿ ಹೊಲಿದು ರಟ್ಟು ಹಾಕಿದ್ದರಿಂದ ಮನೆಯವರೆಲ್ಲ ಅದನ್ನು ದಪ್ಪ ಪುಸ್ತಕ ಅನ್ನುತ್ತಿದ್ದೆವು. ಹಿಟ್ಟಿನ ಡಬ್ಬಿಯ ಮುಚ್ಚಳ ಸಡಿಲವಾದರೆ ಅವ್ವ ಅದನ್ನೇ ಮೇಲೆ ಹೇರುತ್ತಿದ್ದಳು. ಅದರಲ್ಲಿ ಒಂದು ಸಾಲನ್ನೂ ನಾನು ಓದಿರಲಿಲ್ಲ. ನಲವತ್ತು ದಿನ ಕೇಳಿದ್ದೆ, ಅಷ್ಟೇ. ಅದರ ಕತೆ ನಿಮಗೂ ಹೇಳುತ್ತೇನೆ, ಇವತ್ತೂ ಅವರೆಕಾಯಿ ಸುಲಿಯುತ್ತಿದ್ದೇನೆ, ಇನ್ನೂ ಅರ್ಧ ಉಳಿದಿದೆ.

ಅದು ಅರವತ್ತನೆಯ ಇಸವಿಯ ಆಸುಪಾಸು. ನನಗೆ ಹನ್ನೊಂದು ವರ್ಷ. ದಾವಣಗೆರೆಯಲ್ಲಿ ನಮ್ಮ ಓಣಿ ಹತ್ತಿ ಮಿಲ್ಲಿಗೆ ಎಷ್ಟು ಹತ್ತಿರವಿತ್ತೆಂದರೆ, ಸೈರನ್ನು ಕೂಗಿದರೆ ಗೂಡಿನಲ್ಲಿಟ್ಟ ಲೋಟ ನಡುಗುತ್ತಿತ್ತು. ಅಪ್ಪ ಮತ್ತು ಚಿಗಪ್ಪ ಹೊಲ ನೋಡಿಕೊಂಡು ಹೆಚ್ಚಾಗಿ ಊರಾಚೆಯೇ ಇರುತ್ತಿದ್ದರು. ಮನೆಯ ಯಜಮಾನಿಕೆ ದೊಡ್ಡಪ್ಪನದು. ಆ ವರ್ಷವೇ ಚಿಗಪ್ಪನ ಮದುವೆಯಾಗಿ, ಕೊಕ್ಕನೂರಿನಿಂದ ಚಿಗವ್ವ ನಮ್ಮ ಮನೆಗೆ ಬಂದಳು. ಹೆಸರು ಗಿರಿಜವ್ವ. ಹತ್ತೊಂಬತ್ತು ವರ್ಷ ಇದ್ದಿರಬೇಕು. ಅಕ್ಷರ ಬಾರದು, ಆದರೆ ಬಸ್ಸಿನ ಕಂಡಕ್ಟರನಿಂದ ಹಿಡಿದು ನಂದಿಗುಡಿಯ ಬೀಗರವರೆಗೆ ಯಾರ ದನಿಯನ್ನಾದರೂ ತೆಗೆಯುತ್ತಿದ್ದಳು. ನನ್ನನ್ನು ಎದುರಿಗೆ ಕೂರಿಸಿಕೊಂಡು ದೊಡ್ಡಪ್ಪ ಕೆಮ್ಮುವುದನ್ನು ಮಾಡಿ ತೋರಿಸುವಳು, ಒಳಗಿನಿಂದ ದೊಡ್ಡಪ್ಪ “ಯಾರದು ನನ್ನಂಗೇ ಕೆಮ್ಮೋದು?” ಎನ್ನುವರು. ನಾನು ಶಾಲೆ ಬಿಟ್ಟರೆ ಅವಳ ಸೆರಗು ಹಿಡಿದೇ ಇರುತ್ತಿದ್ದೆ.

ಊಟವಾದ ಮೇಲೆ ಅವಳಿಗೆ ಎಲೆ ಅಡಿಕೆ ಬೇಕು. ಒಂದು ಹಿತ್ತಾಳೆಯ ಸುಣ್ಣದ ಡಬ್ಬಿ ಇಟ್ಟಿದ್ದಳು. ಒಂದು ಮಧ್ಯಾಹ್ನ ಅದರ ಮುಚ್ಚಳ ಬಿಗಿದುಕೊಂಡಿತು. ನಾ ತೆಗಿತೀನಿ ಕೊಡು ಎಂದು ನಾನು ಅವಳ ಕೈಗೇ ಮುಖ ಒಡ್ಡಿ ಜಗ್ಗಾಡಿದೆ. “ದೂರ ಸರಿಯೇ” ಅಂದಳು. ನಾನು ಸರಿಯುವ ಪೈಕಿಯೇ ಅಲ್ಲ. ಮುಚ್ಚಳ ಕಿತ್ತು ಬಂದಾಗ ಸುಣ್ಣ ಸಿಡಿದು ನನ್ನ ಎರಡೂ ಕಣ್ಣಿಗೆ ಬಿತ್ತು.

ಹರಿಹರದಲ್ಲಿ ಕಣ್ಣಿನ ಡಾಕ್ಟರೊಬ್ಬರಿದ್ದರು. ನೀರು ಹಾಕಿ ಹಾಕಿ ತೊಳೆದು, ಮುಲಾಮು ಹಚ್ಚಿ, ಎರಡೂ ಕಣ್ಣಿಗೆ ಪಟ್ಟಿ ಕಟ್ಟಿದರು. ನಲವತ್ತು ದಿನ ಪಟ್ಟಿ, ಎಂಟು ದಿನಕ್ಕೊಮ್ಮೆ ಬದಲಾವಣೆ. ಬೆಳಕು ಬೀಳಬಾರದು, ಕೈ ಹಚ್ಚಬಾರದು, ಮುಖ್ಯವಾಗಿ ಅಳಬಾರದು. “ಅತ್ತರೆ ಔಷಧ ಎಲ್ಲಾ ತೊಳಕೊಂಡು ಹೋಗ್ತೈತೆ, ತಿಳೀತಾ?” ಅಂದರು. “ಕಣ್ಣು ಬರ್ತಾವೇನ್ರಿ?” ಎಂದು ಅವ್ವ ಕೇಳಿದಳು. “ಪಟ್ಟಿ ಬಿಚ್ಚಿದ ದಿನ ಹೇಳ್ತೀನಿ ತಾಯಿ” ಅಂದರು. ಬಸ್ಸಿನಲ್ಲಿ ವಾಪಸ್ಸು ಬರುವಾಗ ಅವ್ವ ನನ್ನ ಎರಡೂ ಕೈಗಳನ್ನು ತನ್ನ ಒಂದೇ ಮುಷ್ಟಿಯಲ್ಲಿ ಹಿಡಿದುಕೊಂಡಿದ್ದಳು.

ಮನೆಗೆ ಬಂದು ಚಿಗವ್ವನನ್ನು ಕೇಳಿದೆ. “ಕೊಕ್ಕನೂರಿಗೆ ಹೋಗ್ಯಾಳೆ” ಅಂದಳು ಅವ್ವ. ಮಾರನೆ ದಿನ ಕೇಳಿದರೂ ಅದೇ, ವಾರ ಬಿಟ್ಟು ಕೇಳಿದರೂ ಅದೇ. ನನಗೆ ಹೀಗಾಗಿರುವಾಗ ತವರಿಗೆ ಹೋಗಿ ಕೂತವಳ ಮೇಲೆ ಸಿಟ್ಟು ಬಂತು. ಅಳಬಾರದೆಂದು ಹೇಳಿದ್ದರಿಂದ ಅಳು ಇನ್ನೂ ಜಾಸ್ತಿ ಬರುತ್ತಿತ್ತು.

ಈ ಅಳುವಿಗೆ ಮದ್ದಾಗಿಯೇ ದೊಡ್ಡಪ್ಪ ದಪ್ಪ ಪುಸ್ತಕವನ್ನು ಕೆಳಗಿಳಿಸಿದ್ದು. ದೊಡ್ಡಪ್ಪ ಮಿಲ್ಲಿನ ಟೈಮಾಫೀಸಿನಲ್ಲಿ ಗುಮಾಸ್ತರು. ನೀವು ಆ ಕಾಲದ ದಾವಣಗೆರೆ ಕಂಡವರಾದರೆ ಬದಲಿಗಳು ಗೊತ್ತಿರುತ್ತಾರೆ. ಕೆಲಸಗಾರ ಬರದಿದ್ದರೆ ಅವನ ಯಂತ್ರ ನಿಲ್ಲಬಾರದಲ್ಲ. ಗೇಟಿನ ಹೊರಗೆ ಕಾದು ನಿಂತ ಬದಲಿ ಕೆಲಸಗಾರರಲ್ಲಿ ಒಬ್ಬನ ಹೆಸರು ಕೂಗಿ ಒಳಗೆ ಬಿಡುತ್ತಿದ್ದರು. ಹಾಗೆ ಕೂಗುವುದು ದೊಡ್ಡಪ್ಪನ ಕೆಲಸ. ಹಾಗಾಗಿ ಅವರು ಏನು ಓದಿದರೂ ಹಾಜರಿ ಕರೆದಂತೆಯೇ ಇರುತ್ತಿತ್ತು. ಏಳು ಬೆಟ್ಟದ ಅರಸು, ಅವನ ಮಗಳು ಮಣಿಮಾಲೆ, ಕಲ್ಲಿನ ಕುದುರೆ, ಗವಿಯ ರಾಕ್ಷಸ ಎಲ್ಲರದೂ ಒಂದೇ ದನಿ. ಕಣ್ಣು ಕಟ್ಟಿಕೊಂಡು ಮಲಗಿದವಳಿಗೆ ಈಗ ಮಾತಾಡಿದ್ದು ಕುದುರೆಯೋ ಅರಸನೋ ತಿಳಿಯುತ್ತಿರಲಿಲ್ಲ. ಎರಡನೆಯ ದಿನ ನಾನು ರಂಪ ತೆಗೆದೆ.

ಆಗ ಅವ್ವ ಒಲೆಯ ಮುಂದಿನಿಂದ ಎದ್ದು ಬಂದು ಮಣಿಮಾಲೆಯಾದಳು. ಅವ್ವ ಮೂರನೆಯ ಇಯತ್ತೆ ಓದಿದವಳು, ಒತ್ತಕ್ಷರ ಬಂದರೆ ನಿಂತು ಉಸಿರು ತೆಗೆದುಕೊಳ್ಳುವಳು. ರಾಜಕುಮಾರಿಗೆ ಬಹಳ ದಣಿವಾಗಿದೆ ಎಂದು ನಾನು ತಿಳಿದಿದ್ದೆ. ರಾಕ್ಷಸನಾಗಿ ಪಕ್ಕದ ಮನೆಯ ರುದ್ರಣ್ಣ ಬಂದ. ಮಿಲ್ಲಿನ ನೂಲಿನ ಖಾತೆಯಲ್ಲಿ ಯಂತ್ರಗಳ ಸದ್ದಿನ ನಡುವೆ ಹತ್ತು ವರ್ಷ ಕಳೆದವನು, ಅವನ ಗುಟ್ಟಿನ ಮಾತು ಎರಡು ಓಣಿ ಆಚೆಗೆ ಕೇಳುತ್ತಿತ್ತು. ಇನ್ನು ಪಿಂಜಾರ ಹುಸೇನಪ್ಪ. ಮನೆಮನೆಗೆ ಹೋಗಿ ಗಾದಿಯ ಹತ್ತಿ ಎಕ್ಕುವವನು. ಹತ್ತಿ ಬಿಡಿಸುವ ಅವನ ದೊಡ್ಡ ಬಿಲ್ಲನ್ನು ಒಂದು ಸಲ ಮೀಟಿದರೆ ಮಾಯಾಬಾಣ ಹೊರಟಂತೆಯೇ, ನನ್ನ ಮೈಯ ಕೂದಲು ನಿಲ್ಲುತ್ತಿತ್ತು. ಸೈನ್ಯ ನಡೆಯುವ ಸದ್ದಿಗೆ ಮೊರದ ತುಂಬ ಮಂಡಕ್ಕಿ ಹಾಕಿ ಕೈಯಿಂದ ಒತ್ತುತ್ತಿದ್ದ. ಕತೆ ಮುಗಿದ ಮೇಲೆ ಅವ್ವ ಆ ಸೈನ್ಯಕ್ಕೆ ಒಗ್ಗರಣೆ ಹಾಕುವಳು, ಮೆಣಸಿನಕಾಯಿ ಜೊತೆಗೆ ಎಲ್ಲರೂ ತಿನ್ನುವರು.

ದಿನಾ ಸಂಜೆ ಐದಕ್ಕೆ ಶುರು. ದೊಡ್ಡಪ್ಪ ಮೊದಲು ಹಾಜರಿ ಕರೆಯುವರು: “ಮಣಿಮಾಲೆ?” “ಬಂದೀನ್ರಿ.” “ರಾಕ್ಷಸ?” “ಅದೀನ್ರಿ.” ಆರರ ಸೈರನ್ನು ಕೂಗಿದರೆ ಯುದ್ಧ ಎಲ್ಲಿಗೆ ಬಂದಿದ್ದರೂ ನಿಲ್ಲುತ್ತಿತ್ತು. ಮುಂದೇನಾಗುತ್ತದೆ ಎಂದು ನಾನು ಎಷ್ಟು ಗೋಗರೆದರೂ ಅವರು ಮುಂದಿನ ಪುಟ ತೆರೆಯುತ್ತಿರಲಿಲ್ಲ. “ನನಗೂ ಗೊತ್ತಿಲ್ಲ. ಮುಂದಿಂದು ಮುಂದೆ ನೋಡೋದು ಕಳ್ಳತನ” ಅನ್ನುವರು. ಪುಟದ ಮೂಲೆ ಮಡಿಚಿದವರಿಗೆ ಬೈಯುವರು, ಪುಸ್ತಕದ ಮೇಲೆ ಪೆನ್ಸಿಲ್ಲು ತಾಗಿಸಿದರೆ ಮುಗಿದೇ ಹೋಯಿತು.

ಮೂರನೆಯ ವಾರ ರುದ್ರಣ್ಣನಿಗೆ ಎರಡನೆಯ ಪಾಳಿ ಬಂತು. ಸಂಜೆ ರಾಕ್ಷಸನೇ ಇಲ್ಲ. “ರಾಕ್ಷಸ ಗೈರುಹಾಜರು. ಬದಲಿ ಯಾರಿದೀರಿ?” ಎಂದರು ದೊಡ್ಡಪ್ಪ, ಗೇಟಿನಲ್ಲಿ ಕರೆದ ಹಾಗೇ. ಹುಸೇನಪ್ಪ ಮುಂದೆ ಬಂದ. ಅವನು ಓಣಿಯ ಕೋಳಿಗೂ ಗಟ್ಟಿಯಾಗಿ ಹುಶ್ ಅಂದವನಲ್ಲ. “ಅಮ್ಮಾರೇ, ಸಿಟ್ಟು ಮಾಡ್ಕೋಬ್ಯಾಡ್ರಿ, ನಿಮ್ಮನ್ನ ತಿನ್ನಬೇಕಾಗೈತ್ರಿ” ಎಂದ ರಾಕ್ಷಸನನ್ನು ನೀವು ಎಲ್ಲಾದರೂ ಕೇಳಿದ್ದೀರಾ? ನಾನು ಪಟ್ಟಿಯೊಳಗೇ ನಕ್ಕೆ. ನಗುವಾಗಲೂ ಕಣ್ಣು ಉರಿಯುತ್ತಿತ್ತು.

ಆ ದಿನಗಳಲ್ಲಿ ನನಗೆ ಕಿವಿ ಚುರುಕಾಗಿತ್ತು. ಅಡುಗೆಮನೆಯ ಬಾಗಿಲ ಹತ್ತಿರ ಯಾರೋ ಬಂದು ನಿಲ್ಲುವುದು ತಿಳಿಯುತ್ತಿತ್ತು. ಕಾಲುಂಗುರ ಕಲ್ಲಿಗೆ ಒಮ್ಮೆ ತಾಗುವುದು, ಆಮೇಲೆ ಸದ್ದಿಲ್ಲ. ಯಾರದು ಎಂದರೆ ಯಾರೂ ಇಲ್ಲ ಎನ್ನುವರು. ಕತೆ ಕೇಳಲು ಬಂದ ಓಣಿಯವರಿರಬಹುದು ಎಂದುಕೊಂಡು ಸುಮ್ಮನಾಗುತ್ತಿದ್ದೆ.

ಇಪ್ಪತ್ತೈದನೆಯ ದಿನವೋ ಇಪ್ಪತ್ತಾರೋ ಇರಬೇಕು. ಹಿಂದಿನ ದಿನ ಹರಿಹರಕ್ಕೆ ಹೋಗಿ ಬಂದಿದ್ದೆವು. ಡಾಕ್ಟರು ನನ್ನನ್ನು ಹೊರಗೆ ಕೂರಿಸಿ ಅವ್ವನೊಡನೆ ಮಾತಾಡಿದ್ದರು. ಅವ್ವ ದಾರಿಯುದ್ದಕ್ಕೂ ಒಂದು ಮಾತೂ ಆಡಿರಲಿಲ್ಲ. ಇನ್ನು ಮೇಲೆ ಹೀಗೇ ಇರಬೇಕೇನೋ ಎಂಬ ಯೋಚನೆ ನನಗೆ ಮೊದಲ ಸಲ ಬಂದದ್ದು ಆ ಬಸ್ಸಿನಲ್ಲಿ.

ಆ ಸಂಜೆ ರುದ್ರಣ್ಣ ಮತ್ತೆ ಮೊದಲ ಪಾಳಿಗೆ ಬಂದಿದ್ದ. ಮಣಿಮಾಲೆ ಗವಿಯ ಬಾಗಿಲಿಗೆ ಬಂದಿದ್ದಳು. ಒಳಗೆ ಅವಳ ತಂದೆಯ ಸೆರೆ. ಪುಸ್ತಕ ರುದ್ರಣ್ಣನ ಕೈಗೆ ಹೋಯಿತು, ಅವನು ಕಂಡದ್ದನ್ನು ಕಂಡಂತೆ ಓದಿದ: “ಒಳಗೆ ಹೋಗಬೇಕಾದರೆ ನಿನ್ನ ಎರಡು ಕಣ್ಣುಗಳನ್ನು ಕಿತ್ತು ನನ್ನ ಅಂಗೈಯಲ್ಲಿಡು.”

ಮಂಡಕ್ಕಿ ಒತ್ತುತ್ತಿದ್ದ ಕೈ ನಿಂತಿತು. “ಆಮೇಲೆ?” ಅಂದೆ. ಹಾಳೆ ಮಗುಚುವ ಸದ್ದು ಕೇಳಿತು, ದೊಡ್ಡಪ್ಪ ಪುಸ್ತಕ ಇಸಿದುಕೊಂಡು ಮುಂದಿನ ಪುಟ ನೋಡಿದರು. ನೋಡಿ ಪುಸ್ತಕ ಮುಚ್ಚಿದರು. “ಕೊಟ್ಟಳೇನು ದೊಡ್ಡಪ್ಪ? ಕಣ್ಣು ಕೊಟ್ಟಳೇನು?” ಅಂದೆ. ಅವ್ವ ಮುಖಕ್ಕೆ ಸೆರಗು ಒತ್ತಿಕೊಂಡದ್ದು ಕೇಳಿಸಿತು. ನನಗೆ ಪಟ್ಟಿಯ ಕೆಳಗೆ ಕಣ್ಣು ಸುಡಲು ಶುರುವಾಯಿತು.

ಆಗ ಅಡುಗೆಮನೆಯ ಬಾಗಿಲಿನಿಂದ ಒಂದು ದನಿ ಬಂತು. ಬೊಚ್ಚುಬಾಯಿಯ, ನಡುಗುವ, ಆದರೆ ಯಾರಿಗೂ ಹೆದರದ ಮುದುಕಿಯ ದನಿ.

“ತಡಿಯೋ ರಾಕ್ಷಸ. ಆಕಿ ಇನ್ನೂ ಕೂಸು. ಆಕಿ ಕಣ್ಣು ಯಾಕ ನಿನಗೆ? ಆಕಿ ಬದಲಿ ನಾ ಬಂದೀನಿ. ನನ್ನವು ತಗೋ.”

ರುದ್ರಣ್ಣ ತಬ್ಬಿಬ್ಬಾದ. “ನೀ ಯಾರಬೇ?” ಎಂದ, ರಾಕ್ಷಸನ ದನಿಯನ್ನೂ ಮರೆತು.

“ನಾ ಬದಲಿ ಅಂತ ಹೇಳಿದ್ನಲ್ಲ.”

“ಪುಸ್ತಕದಾಗೆ ಹಂಗೆ…” ಎಂದು ರುದ್ರಣ್ಣ ಶುರುಮಾಡಿದ. ದೊಡ್ಡಪ್ಪ ಅವನ ಮಾತು ಕಡಿದರು. ಗೇಟಿನಲ್ಲಿ ಮಾತಾಡುವ ದನಿ ಅದು: “ಬದಲಿ ಬಂದು ನಿಂತ ಮ್ಯಾಲೆ ಒಳಗೆ ತಗೋಬೇಕು ರುದ್ರಣ್ಣ. ಅದು ಕಾಯಿದೆ. ತಗೋ.”

ಮಿಲ್ಲಿನವರ ಮನೆಯಲ್ಲಲ್ಲದೆ ಇನ್ನೆಲ್ಲಿ ಒಬ್ಬ ರಾಕ್ಷಸ ಇಂಥ ಕಾಯಿದೆಗೆ ಒಪ್ಪುತ್ತಾನೆ, ಹೇಳಿ. ನಮ್ಮ ರಾಕ್ಷಸ ಒಪ್ಪಿದ. ಹುಸೇನಪ್ಪ ಬಿಲ್ಲು ಮೀಟಿದ, ಮುದುಕಿಯ ಕಣ್ಣು ಹೋದವು, ಮಣಿಮಾಲೆ ಒಳಗೆ ನಡೆದಳು. ನನ್ನ ಅಳು ಎಲ್ಲಿ ಹೋಯಿತೋ ಗೊತ್ತಿಲ್ಲ. ಮಂಡಕ್ಕಿ ಎರಡು ಬಟ್ಟಲು ತಿಂದೆ.

ಅಲ್ಲಿಂದ ಮುಂದೆ ಆ ಕುರುಡು ಮುದುಕಿ ರಾಜಕುಮಾರಿಯ ಕೈ ಹಿಡಿದು ಕತೆಯ ಉದ್ದಕ್ಕೂ ನಡೆದಳು. ನನಗೆ ಅರಸನೂ ಬೇಡವಾದ, ಕಲ್ಲಿನ ಕುದುರೆಯೂ ಬೇಡವಾಯಿತು. ಮುದುಕಿ ಯಾವಾಗ ಬರುತ್ತಾಳೆ ಎಂದು ಕಾಯುತ್ತಿದ್ದೆ. ಅವಳು ಕಣ್ಣಿಲ್ಲದೆ ಎಲ್ಲ ಮಾಡುವಳು. ಹೊಳೆ ಹತ್ತಿರ ಬಂದದ್ದನ್ನು ಗಾಳಿಯ ತಂಪಿನಿಂದ ಹೇಳುವಳು, ಸುಳ್ಳು ಹೇಳುವವರನ್ನು ಅವರ ಉಸಿರಿನಿಂದ ಹಿಡಿಯುವಳು. “ಕಣ್ಣು ಹೋದ್ರೆ ಹೋಗ್ಲಿ ಕೂಸೇ, ಕಿವಿ ಅದಾವು, ಕೈ ಅದಾವು, ನಾ ಇದೀನಿ” ಎಂದು ಒಮ್ಮೆ ರಾಜಕುಮಾರಿಗೆ ಹೇಳಿದಳು. ನಾನು ಮಾರನೆಯ ದಿನವೇ ಗೋಡೆ ಮುಟ್ಟಿಕೊಂಡು ಬಚ್ಚಲವರೆಗೆ ಒಬ್ಬಳೇ ಹೋಗಿಬಂದೆ. ಇನ್ನು ಹೀಗೇ ಆದರೂ ಬದುಕಬಹುದು ಎಂಬ ಧೈರ್ಯ ನನಗೆ ಬಂದದ್ದು ಆ ಮುದುಕಿಯಿಂದ.

ಕೊನೆಯ ದಿನ ಅರಸನು ಮುದುಕಿಗೆ ಏನು ಬೇಕು ಕೇಳು ಎಂದ. ಅವಳು ಏನೋ ಹೇಳಿದಳು, ಅಷ್ಟರಲ್ಲಿ ಆರರ ಸೈರನ್ನು ಕೂಗಿಬಿಟ್ಟಿತು. “ಏನಂದಳು?” ಎಂದು ಕೇಳಿದೆ. ದೊಡ್ಡಪ್ಪ ಕೆಮ್ಮಿ, “ತನ್ನ ಊರಿಗೆ ಹೋಗ್ತೀನಿ ಅಂದಳು” ಅಂದರು. ಮುದುಕಿ ಯಾರು, ಯಾರ ಮನೆಯವಳು ಎಂದರೆ ಎಲ್ಲರೂ ಒಂದೇ ಮಾತು: ಪುಸ್ತಕದಾಗೆ ಇದ್ದಳು. ಯಾರ ದನಿಯನ್ನಾದರೂ ತೆಗೆಯುವವಳೊಬ್ಬಳು ನಮ್ಮ ಮನೆಯಲ್ಲೇ ಇದ್ದಳೆಂಬುದು ನನಗೆ ಹೊಳೆಯಬಾರದಿತ್ತೇ? ಹೊಳೆಯಲಿಲ್ಲ. ಅವಳು ಕೊಕ್ಕನೂರಿನಲ್ಲಿದ್ದಾಳೆ ಎಂಬ ಸಿಟ್ಟು ಅಷ್ಟು ಗಟ್ಟಿಯಾಗಿತ್ತು.

ಪಟ್ಟಿ ಬಿಚ್ಚಿದರು. ಬಲಗಣ್ಣು ತಿಳಿಯಾಗಿ ಬಂತು. ಎಡಗಣ್ಣಿನ ಮುಂದೆ ಒಂದು ಮಂಜು ನಿಂತಿತು, ಅದು ಈಗಲೂ ಇದೆ. ಅವ್ವ ಡಾಕ್ಟರ ಕಾಲಿಗೆ ಬೀಳಹೋಗಿ ಮೇಜಿಗೆ ತಲೆ ತಾಗಿಸಿಕೊಂಡಳು. ಎರಡು ದಿನ ಬಿಟ್ಟು ಚಿಗವ್ವ “ಕೊಕ್ಕನೂರಿನಿಂದ ಬಂದಳು”. ಸೊರಗಿ ಕಡ್ಡಿಯಾಗಿದ್ದಳು. ಬಾಗಿಲಲ್ಲೇ ನಿಂತು ನನ್ನನ್ನು ನೋಡಿದಳು. ನಾನು ಗೋಡೆಯ ಕಡೆಗೆ ಮುಖ ತಿರುಗಿಸಿದೆ. ಇಡೀ ತಿಂಗಳು ಅವಳೊಡನೆ ಮಾತಾಡಲಿಲ್ಲ. ಅವಳು ಎಲೆ ಅಡಿಕೆ ಬಿಟ್ಟಳು, ಜನರ ದನಿ ತೆಗೆಯುವುದನ್ನೂ ಬಿಟ್ಟಳು. ಮುಂದೆ ಚಿಗಪ್ಪನಿಗೆ ಹರಿಹರದ ಕಾರ್ಖಾನೆಯೊಂದರಲ್ಲಿ ಕೆಲಸ ಸಿಕ್ಕು ಅಲ್ಲಿಗೇ ಹೋದರು. ಸಿಟ್ಟು ಕಾಲಕ್ರಮದಲ್ಲಿ ಹೋಯಿತು, ಮಾತು ಬಂತು, ಆದರೆ ಮೊದಲಿನ ಸಲಿಗೆ ಬರಲಿಲ್ಲ. ಯಾರ ಮದುವೆಯಲ್ಲಿ ಸಿಕ್ಕರೂ ಚಿಗವ್ವ ಬಂದು ನನ್ನ ಎಡಗಡೆಗೇ ಕೂರುತ್ತಿದ್ದಳು.

ಮೊಮ್ಮಗಳ ಕಾಟಕ್ಕೆ ದೊಡ್ಡಪ್ಪನ ಮಗನಿಗೆ ಫೋನು ಮಾಡಿದೆ. ದೊಡ್ಡಪ್ಪನ ಟ್ರಂಕಿನಲ್ಲಿ ದಪ್ಪ ಪುಸ್ತಕ ಇತ್ತಂತೆ. ಹೋದ ವಾರ ತಂದುಕೊಟ್ಟ. ನಾನು ಎಲ್ಲ ಬಿಟ್ಟು ಮೊದಲು ಹುಡುಕಿದ್ದು ಮುದುಕಿಯನ್ನು. ಗವಿಯ ಬಾಗಿಲು ಸಿಕ್ಕಿತು, ರಾಕ್ಷಸನ ಮಾತು ಸಿಕ್ಕಿತು. ಮುಂದೆ ಅಚ್ಚಾದದ್ದು ಇಷ್ಟೇ: ಮಣಿಮಾಲೆ ಕಣ್ಣು ಕಿತ್ತುಕೊಟ್ಟಳು, ಕತೆಯ ಕೊನೆಯವರೆಗೂ ಅವಕ್ಕೆ ಬೆಳಕು ಮರಳಲಿಲ್ಲ. ಮುದುಕಿ ಆ ಪುಸ್ತಕದಲ್ಲಿ ಎಲ್ಲೂ ಇಲ್ಲ.

ಆ ಸಾಲುಗಳ ಮೇಲೆ ಅಡ್ಡಡ್ಡ ಪೆನ್ಸಿಲ್ಲಿನ ಗೆರೆಗಳಿದ್ದವು. ಪಕ್ಕದಲ್ಲಿ ದೊಡ್ಡಪ್ಪನ ದುಂಡಗಿನ ಅಕ್ಷರ: “ಇದನ್ನು ಓದಕೂಡದು. ಇಲ್ಲಿ ಗಿರಿಜವ್ವ ಬಂದಳು. ಇನ್ನು ಮುಂದೆ ರಾಜಕುಮಾರಿಗೆ ಕಣ್ಣು ಇರುವುದಾಗಿ ತಿದ್ದಿಕೊಂಡು ಓದತಕ್ಕದ್ದು.” ಅಲ್ಲಿಂದ ಪ್ರತಿ ಪುಟದ ಅಂಚಿನಲ್ಲೂ ಮುದುಕಿಯ ಮಾತುಗಳು. ಮುಂದಿನ ಪುಟ ನೋಡುವುದನ್ನು ಕಳ್ಳತನ ಎನ್ನುತ್ತಿದ್ದವರು ದಿನಾ ಮೊದಲೇ ಓದಿ, ಎಲ್ಲಿ ಕುರುಡುತನ ಬಂದರೂ ಹೊಡೆದು, ಅಕ್ಷರ ಬಾರದ ತಮ್ಮನ ಹೆಂಡತಿಗೆ ಬಾಯಿಪಾಠ ಮಾಡಿಸಿದ್ದರು. ಚಿಗವ್ವ ಕೊಕ್ಕನೂರಿಗೆ ಹೋಗಿಯೇ ಇರಲಿಲ್ಲ, ಅವಳ ದನಿ ಕೇಳಿದರೆ ನಾನು ಅತ್ತು ಕಣ್ಣು ಕೆಡಿಸಿಕೊಂಡೇನೆಂದು ಮನೆಯಲ್ಲೇ ಮರೆಯಾಗಿಟ್ಟಿದ್ದಿರಬೇಕು. ಒಂದು ಕಡೆ “ಬಾಯಲ್ಲಿ ಅಡಿಕೆ ಇಟ್ಟುಕೊಂಡು ಮಾತಾಡುವುದು, ಸದ್ದಾಗದಂತೆ ಬಳೆ ಮೇಲೆ ಸರಿಸಿಕೊಳ್ಳುವುದು” ಎಂದಿತ್ತು. ಕೊನೆಯ ಪುಟದಲ್ಲಿ ಹೀಗಿತ್ತು: “ಮುದುಕಿ: ನನಗೇನೂ ಬ್ಯಾಡ. ಈ ಕೂಸು ಕಣ್ಣು ಬಿಟ್ಟು ನನ್ನ ಮುಖ ನೋಡಿ ನಕ್ಕರೆ ಸಾಕು. (ಇದು ನಾನು ಹೇಳಿಕೊಟ್ಟದ್ದಲ್ಲ. ಅವಳೇ ಹೇಳಿದಳು.)”

ಅರವತ್ತು ವರ್ಷದ ಹಿಂದೆ ಅಳಬೇಡ ಎಂದಿದ್ದ ಅಳುವನ್ನು ನಾನು ಆ ಪುಟದ ಮೇಲೆ ಅತ್ತೆ. ಅಳಬೇಡವೆನ್ನುವ ಡಾಕ್ಟರು ಈಗ ಯಾರೂ ಇರಲಿಲ್ಲ.

ಮಾರನೆಯ ದಿನ ಮೊಮ್ಮಗಳನ್ನು ಕರೆದುಕೊಂಡು ಹರಿಹರದ ಬಸ್ಸು ಹತ್ತಿದೆ. ಚಿಗವ್ವನಿಗೆ ಎಂಬತ್ತು ದಾಟಿದೆ. ಹಲ್ಲಿಲ್ಲ, ಪೊರೆ ತೆಗೆಸಿದ ಕಣ್ಣಿಗೆ ದಪ್ಪ ಕನ್ನಡಕ. ಮಂಚದ ಮೇಲೆ ನನ್ನ ಎಡಗಡೆಗೇ ಸರಿದು ಕೂತಳು. ನಾನು ಪುಸ್ತಕ ತೆರೆದು ದೊಡ್ಡಪ್ಪ ಬರೆದದ್ದನ್ನು ಓದಿದೆ. ಕೊನೆಯ ಸಾಲಿನವರೆಗೂ ಓದಿದೆ.

“ನೀನೇ ಅಲ್ಲೇನು ಚಿಗವ್ವ?”

“ಯಾವ ಮುದುಕಿಯೋ ಏನೋ. ಪುಸ್ತಕದಾಗೆ ಇದ್ದಳು” ಅಂದಳು, ಸೀರೆಯ ಅಂಚು ತೀಡುತ್ತ.

ಮೊಮ್ಮಗಳು ಬಿಡಲಿಲ್ಲ. “ಮುತ್ತಜ್ಜಿ, ಆ ಮುದುಕಿ ದನಿ ಒಂದು ಸಲ ತೆಗೀರಿ.”

ಚಿಗವ್ವ ತೀಡುತ್ತಿದ್ದ ಅಂಚು ಬಿಟ್ಟಳು. “ಆವಾಗ ಬಾಯಾಗೆ ಅಡಿಕಿ ಇಟ್ಕಂಡು ತೆಗೀಬೇಕಿತ್ತು ಕಣವ್ವ. ಈಗ ಅಡಿಕಿ ಬ್ಯಾಡ. ಇದೇ ಆ ದನಿ.”

ನಾನು ಎದ್ದು ಮಂಚ ಸುತ್ತಿ ಬಂದು, ಅವಳನ್ನು ನನ್ನ ಬಲಗಡೆಗೆ ಮಾಡಿಕೊಂಡು ಕೂತೆ. ಎರಡೂ ಕೈಯಲ್ಲಿ ಅವಳ ಮುಖ ಹಿಡಿದು, ನೆಟ್ಟಗಿದ್ದ ಬಲಗಣ್ಣಿನಿಂದ ನೋಡಿದೆ, ನಕ್ಕೆ. ತಡ ಮಾಡಿದೆ ಚಿಗವ್ವ ಅಂದೆ. ಅವಳು ಕನ್ನಡಕ ಸರಿಮಾಡಿಕೊಂಡು ನನ್ನ ಒಂದೊಂದು ಕಣ್ಣನ್ನೂ ಬೇರೆ ಬೇರೆಯಾಗಿ ನೋಡಿದಳು, ಎಡಗಣ್ಣನ್ನು ಹೆಚ್ಚು ಹೊತ್ತು ನೋಡಿದಳು. ಆಮೇಲೆ ಒಳಗಿದ್ದ ಸೊಸೆಯನ್ನು ಕೂಗಿ, “ನಿನ್ನ ಎಲಿ ಅಡಿಕಿ ತಟ್ಟಿ ತಾರವ್ವ” ಅಂದಳು. ಸೊಸೆ ಬೆರಗಾಗಿ ತಂದಿಟ್ಟಳು. ಅತ್ತೆ ಎಲೆ ಮುಟ್ಟಿದ್ದನ್ನು ಅವಳು ಕಂಡೇ ಇರಲಿಲ್ಲ.

ಸುಣ್ಣದ ಡಬ್ಬಿಯನ್ನು ನಾನು ತೆಗೆದುಕೊಂಡೆ. ಮುಚ್ಚಳ ಬಿಗಿಯಾಗಿತ್ತು.

“ದೂರ ಹಿಡ್ಕೊಳ್ಳೇ” ಅಂದಳು ಚಿಗವ್ವ.

ಈ ಸಲ ಹೇಳಿದ ಮಾತು ಕೇಳಿದೆ. ಡಬ್ಬಿಯನ್ನು ದೂರ ಹಿಡಿದು ತೆರೆದು, ಎಲೆಗೆ ಸುಣ್ಣ ಸವರಿ ಅವಳ ಕೈಗೆ ಕೊಟ್ಟೆ.